ನೆರೆಯವರು ಗೆದ್ದ ದಾವೆ

ಕಾರವಾರ ಮತ್ತು ಅಂಕೋಲಾ ತಾಲ್ಲೂಕುಗಳ ಕಡಲಂಚಿನಲ್ಲಿರುವ ನೌಕಾನೆಲೆಯ ಹೆಸರನ್ನು ನೀವು ಕೇಳಿರಬಹುದು. 'ಸೀಬರ್ಡ್' ಯೋಜನೆಗೆ ಪ್ರಧಾನಿ ರಾಜೀವ್ ಗಾಂಧಿಯವರು 1986ರಲ್ಲಿ ಶಂಕುಸ್ಥಾಪನೆ ಮಾಡಿದರು. 2005ರಲ್ಲಿ ಐ.ಎನ್.ಎಸ್. ಕದಂಬ ಸೇವೆಗೆ ಸೇರಿತು. ದೇಶದ ರಕ್ಷಣೆಗಾಗಿ ಇಲ್ಲಿಯ ನಾಲ್ಕು ಸಾವಿರಕ್ಕೂ ಹೆಚ್ಚು ಕುಟುಂಬಗಳು ಮನೆ, ಗದ್ದೆ, ತೋಟಗಳನ್ನು ಬಿಟ್ಟುಕೊಟ್ಟವು. ಅವರಿಗೆ ಸಲ್ಲಬೇಕಾದ ಬೆಲೆಯನ್ನು ನಿರ್ಧರಿಸುವವರು ಯಾರು?

ಆಗ ಜಾರಿಯಲ್ಲಿದ್ದುದು ಬ್ರಿಟಿಷರ ಕಾಲದ 1894ರ ಭೂಸ್ವಾಧೀನ ಕಾಯಿದೆ. ಅದರಂತೆ ಭೂಸ್ವಾಧೀನಾಧಿಕಾರಿ ಮೊದಲ ಅಧಿಸೂಚನೆಯ ದಿನದ ಮಾರುಕಟ್ಟೆ ಬೆಲೆಯನ್ನು ಲೆಕ್ಕಹಾಕಿ ಐತೀರ್ಪು ನೀಡುತ್ತಿದ್ದರು. ಅದೇ ಕೊನೆಯ ಮಾತೆಂದು ಹಲವರು ತಿಳಿಯುತ್ತಿದ್ದರು. ಆದರೆ ಅಧಿಕಾರಿಯ ಐತೀರ್ಪು ಸರ್ಕಾರ ಮುಂದಿಡುವ ಬೆಲೆ ಮಾತ್ರ ಎಂದು ಕಲ್ಕತ್ತೆಯ ಪ್ರಕರಣವೊಂದರಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲ್ 1905ರಷ್ಟು ಹಿಂದೆಯೇ ಸ್ಪಷ್ಟಪಡಿಸಿತ್ತು.

ಒಪ್ಪದವನಿಗೆ 18ನೆಯ ಕಲಮು ದಾರಿ ತೋರಿಸುತ್ತಿತ್ತು. ಹಣವನ್ನು ಆಕ್ಷೇಪಣೆಯೊಡನೆ ಪಡೆದು, ನಿಗದಿತ ಅವಧಿಯೊಳಗೆ ಅರ್ಜಿ ಕೊಟ್ಟರೆ ವಿಷಯ ಸಿವಿಲ್ ನ್ಯಾಯಾಲಯಕ್ಕೆ ಹೋಗುತ್ತಿತ್ತು. ಆಕ್ಷೇಪಣೆ ಇಲ್ಲದೆ ಹಣ ಪಡೆದವನಿಗೆ ಈ ಬಾಗಿಲು ಮುಚ್ಚುತ್ತಿತ್ತು. ನ್ಯಾಯಾಲಯವು ಅಕ್ಕಪಕ್ಕದ ಜಮೀನುಗಳ ಕ್ರಯಪತ್ರ, ಮಣ್ಣಿನ ಗುಣ, ರಸ್ತೆಯ ಸಾಮೀಪ್ಯಗಳನ್ನು ಪರಿಶೀಲಿಸುತ್ತಿತ್ತು. ಬೆಲೆಯನ್ನು ಹೆಚ್ಚಿಸಬಹುದಿತ್ತು, ಅಧಿಕಾರಿ ಕೊಟ್ಟುದಕ್ಕಿಂತ ಇಳಿಸುವಂತಿರಲಿಲ್ಲ. 1984ರ ತಿದ್ದುಪಡಿಯ ನಂತರ ಮಾರುಕಟ್ಟೆ ಬೆಲೆಯ ಮೇಲೆ ಶೇಕಡಾ 30ರಷ್ಟು ಸಾಂತ್ವನ ಧನವೂ ಸಲ್ಲುತ್ತಿತ್ತು.

ಈಗ ನೀವೇ ಯೋಚಿಸಿ. ಒಂದೇ ಬದುವಿನ ಆಚೆ ಈಚೆ ಇಬ್ಬರ ಗದ್ದೆಗಳಿವೆ. ಓದು ಬರಹ ಬಲ್ಲವನು ವಕೀಲರನ್ನು ಹಿಡಿದು ದಾವೆ ಗೆದ್ದ. ಓದು ಬಾರದ, ಕೈಯಲ್ಲಿ ಕಾಸಿಲ್ಲದ ಇನ್ನೊಬ್ಬ ಸುಮ್ಮನಿದ್ದ. ಮಣ್ಣು ಒಂದೇ ಆದರೂ ಬೆಲೆ ಎರಡಾಯಿತು. ಈ ಅನ್ಯಾಯವನ್ನು ಸರಿಪಡಿಸಲೆಂದೇ ಅದೇ 1984ರ ತಿದ್ದುಪಡಿ 28-ಎ ಎಂಬ ಕಲಮನ್ನು ಸೇರಿಸಿತು. ಒಂದೇ ಅಧಿಸೂಚನೆಯಡಿ ಭೂಮಿ ಕಳೆದುಕೊಂಡ ನೆರೆಯವನಿಗೆ ನ್ಯಾಯಾಲಯ ಹೆಚ್ಚಿನ ಬೆಲೆ ಕೊಟ್ಟರೆ, ದಾವೆ ಹೂಡದವನೂ ಆ ತೀರ್ಪಿನಿಂದ ಮೂರು ತಿಂಗಳೊಳಗೆ ಅರ್ಜಿ ಸಲ್ಲಿಸಿ ಅದರ ಆಧಾರದ ಮೇಲೆ ಮರುನಿರ್ಧಾರ ಕೇಳಬಹುದು. ಈ ಅವಧಿಯನ್ನು ಮೊದಲ ತೀರ್ಪಿನಿಂದಲೇ ಎಣಿಸಬೇಕಾಗಿಲ್ಲ, ನಂತರದ ತೀರ್ಪಿನ ಆಧಾರದಲ್ಲೂ ಅರ್ಜಿ ಹಾಕಬಹುದು ಎಂದು ಸುಪ್ರೀಂ ಕೋರ್ಟು 1995ರಲ್ಲಿ ಹೇಳಿತು.

ಕಾರವಾರ–ಅಂಕೋಲೆಗಳ ನಿರಾಶ್ರಿತರ ಬಾಯಲ್ಲಿ 'ಇಪ್ಪತ್ತೆಂಟು ಎ' ಎಂಬುದು ಮನೆಮಾತಾದದ್ದು ಹೀಗೆ. ಆದರೆ ಕಾಗದದ ಮೇಲಿನ ಹಕ್ಕು ಕೈಗೆ ಬರುವುದು ಸುಲಭವಾಗಲಿಲ್ಲ. ಶಂಕುಸ್ಥಾಪನೆಯಾಗಿ ಮೂರು ದಶಕ ಕಳೆದ ಮೇಲೂ ಈ ಕಲಮಿನ ಹಣಕ್ಕಾಗಿ ಕುಟುಂಬಗಳು ಕಾಯುತ್ತಿದ್ದವು. ಅರ್ಜಿ ಕೊಟ್ಟ ತಂದೆಯ ಜಾಗದಲ್ಲಿ ಮಕ್ಕಳು ವಾರಸಾ ಪತ್ರ ಹಿಡಿದು ನಿಲ್ಲಬೇಕಾದಾಗ, ವಿಳಂಬವೂ ಒಂದು ನಷ್ಟವೇ ಅಲ್ಲವೇ?

1894ರ ಕಾಯಿದೆ ಈಗಿಲ್ಲ. 2014ರ ಜನವರಿ 1ರಿಂದ ಹೊಸ ಕಾಯಿದೆ ಜಾರಿಗೆ ಬಂದಿದೆ. ಅದರ 73ನೆಯ ಕಲಮಿನಲ್ಲಿ ಹಳೆಯ 28-ಎ ತತ್ವ ಉಳಿದುಕೊಂಡಿದೆ. ಈ ಹಕ್ಕು ತಾನಾಗಿ ಮನೆಗೆ ಬರುವುದಿಲ್ಲ. ಅರ್ಜಿ ಬೇಕು, ಅದೂ ಅವಧಿಯೊಳಗೆ. ನಿಮ್ಮ ಊರಿನಲ್ಲಿ ಹಿರಿಯರ ಕೈಗೆ ಭೂಸ್ವಾಧೀನದ ನೋಟಿಸು ಬಂದರೆ ಅದನ್ನು ಓದಿ ಹೇಳಿರಿ. ಅದರಲ್ಲಿರುವ ಅಧಿಸೂಚನೆಯ ಸಂಖ್ಯೆ, ದಿನಾಂಕಗಳನ್ನು ಬರೆದಿಡಿರಿ. ನಿಮ್ಮ ವಿದ್ಯೆ ಅವರಿಗೆ ಒದಗುವುದು ಅಲ್ಲಿಯೇ.