ಮುಸುಕಿನ ಫೋಟೋ ತೆಗೆದವರು ಯಾರು?

2022ರ ಫೆಬ್ರುವರಿಯಲ್ಲಿ ಹಿಜಾಬ್ ವಿವಾದ ಉಡುಪಿಯಿಂದ ಬೇರೆ ಜಿಲ್ಲೆಗಳಿಗೆ ಹಬ್ಬಿದಾಗ ನಾನೂ ಒಂದು ಕಾಲೇಜಿನ ಗೇಟಿನ ಮುಂದೆ ಕ್ಯಾಮೆರಾ ಹಿಡಿದು ನಿಂತಿದ್ದೆ. ಡೆಸ್ಕಿನಿಂದ ಬಂದಿದ್ದ ಸೂಚನೆ ಒಂದೇ: ಬುರ್ಖಾ ಹಾಕಿದ ಹುಡುಗಿಯರ ಫೋಟೋ ಬೇಕು. ‘ಸರ್, ಫೋಟೋ ಬೇಡ ಸರ್’ ಎನ್ನುತ್ತಾ ಒಬ್ಬಳು ಫೈಲನ್ನು ಮುಖಕ್ಕೆ ಅಡ್ಡ ಹಿಡಿದಳು. ಹಾಗೆ ಅಡ್ಡ ಹಿಡಿದ ಚಿತ್ರವನ್ನೇ ಕಳಿಸಿದೆ. ಅಕ್ಟೋಬರ್ 13ರಂದು ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳು ಭಿನ್ನ ತೀರ್ಪು ಕೊಟ್ಟಾಗ ಅದೇ ಫೋಟೋ ‘ಸಂಗ್ರಹ ಚಿತ್ರ’ ಎಂಬ ಹೆಸರಿನಲ್ಲಿ ಮತ್ತೆ ಅಚ್ಚಾಯಿತು. ಅವಳ ಹೆಸರನ್ನು ನಾನು ಕೇಳಿರಲೇ ಇಲ್ಲ.

ಮುಸ್ಲಿಂ ಹೆಣ್ಣನ್ನು ಹೆಸರಿಲ್ಲದ ಚಿತ್ರವಾಗಿ ಮಾಡುವ ಈ ಕೆಲಸಕ್ಕೆ ನೂರು ವರ್ಷಕ್ಕೂ ಹೆಚ್ಚಿನ ಇತಿಹಾಸವಿದೆ. ಆ ಚಿತ್ರಕ್ಕೆ ಅವಳೇ ಕೊಟ್ಟ ಉತ್ತರಕ್ಕೂ ಒಂದು ಇತಿಹಾಸವಿದೆ.

ಮೊದಲನೆಯದನ್ನು ಅಲ್ಜೀರಿಯಾದಲ್ಲಿ ಸ್ಪಷ್ಟವಾಗಿ ನೋಡಬಹುದು. ಫ್ರೆಂಚರ ಆಳ್ವಿಕೆಯ ಆ ನಾಡಿನಲ್ಲಿ 1900ರಿಂದ 1930ರವರೆಗೆ ‘ಅರಬ್ ಹೆಣ್ಣಿನ’ ಅಂಚೆ ಕಾರ್ಡುಗಳು ಭರ್ಜರಿಯಾಗಿ ಮಾರಾಟವಾದವು. ಮನೆಯೊಳಗಿನ ಹೆಣ್ಣುಮಕ್ಕಳು ಫೋಟೋಗ್ರಾಫರನಿಗೆ ಸಿಗುತ್ತಿರಲಿಲ್ಲ. ಆತ ದುಡ್ಡು ಕೊಟ್ಟು ಮಾದರಿಗಳನ್ನು ಕರೆಸಿ, ಸ್ಟುಡಿಯೋದಲ್ಲೇ ಅಂತಃಪುರ ಕಟ್ಟಿ, ಅದನ್ನೇ ನಿಜವೆಂದು ಮಾರಿದ. ಅಲ್ಜೀರಿಯಾದ ಕವಿ ಮಾಲೆಕ್ ಅಲೂಲಾ 1981ರಲ್ಲಿ ಆ ಕಾರ್ಡುಗಳನ್ನು ಒಟ್ಟುಗೂಡಿಸಿ ‘ವಸಾಹತುಶಾಹಿಯ ಅಂತಃಪುರ’ ಎಂಬರ್ಥದ ಹೆಸರಿನ ಪುಸ್ತಕದಲ್ಲಿ ಈ ನಾಟಕವನ್ನು ಬಯಲಿಗೆಳೆದರು.

1960ರ ಹೊತ್ತಿಗೆ ಅಲ್ಲಿ ಸ್ವಾತಂತ್ರ್ಯ ಯುದ್ಧ ನಡೆದಿತ್ತು. ಹಳ್ಳಿಗಳನ್ನು ಖಾಲಿ ಮಾಡಿಸಿ ಜನರನ್ನು ಶಿಬಿರಗಳಿಗೆ ತಂದ ಫ್ರೆಂಚ್ ಸೇನೆ ಎಲ್ಲರಿಗೂ ಗುರುತಿನ ಚೀಟಿ ಮಾಡಲು ಹೊರಟಿತು. ಫೋಟೋ ತೆಗೆಯುವ ಹೊಣೆ ಬಿದ್ದದ್ದು ಮಾರ್ಕ್ ಗರಾಂಜೆ ಎಂಬ ಸೈನಿಕನ ಮೇಲೆ. ಹತ್ತು ದಿನಗಳಲ್ಲಿ ಸುಮಾರು 2000 ಫೋಟೋ. ಹೆಂಗಸರನ್ನು ಒಬ್ಬೊಬ್ಬರಾಗಿ ಗೋಡೆಯ ಮುಂದೆ ಕೂರಿಸಿ ಮುಸುಕು ತೆಗೆಸಿದರು. ಬೇಡ ಎನ್ನುವ ಹಾಗಿರಲಿಲ್ಲ. ಆದರೆ ಆ ಚಿತ್ರಗಳನ್ನು ನೋಡಿದವರಿಗೆ ನೆನಪಿನಲ್ಲಿ ಉಳಿಯುವುದು ಆ ಕಣ್ಣುಗಳು. ಬಹುತೇಕರು ನೇರವಾಗಿ, ಕೋಪದಿಂದ ನೋಡುತ್ತಿದ್ದಾರೆ. ಆ ಕೋಪ ಗರಾಂಜೆಗೂ ತಟ್ಟಿತ್ತು. ಮುಂದೆ ಅವರು ಆ ಚಿತ್ರಗಳನ್ನು ಯುದ್ಧದ ವಿರುದ್ಧದ ಸಾಕ್ಷ್ಯವೆಂದೇ ಜಗತ್ತಿನ ಮುಂದಿಟ್ಟರು. ಅಲ್ಲಿ ಆ ಹೆಣ್ಣುಮಕ್ಕಳ ಕೈಯಲ್ಲಿ ಉಳಿದಿದ್ದು ನೋಟವೊಂದೇ.

ಇರಾನಿನ ಕಥೆ ಬೇರೆ. ಅಲ್ಲಿ ಒತ್ತಾಯ ಎರಡೂ ಕಡೆಯಿಂದ ಬಂತು. 1936ರಲ್ಲಿ ರೆಜಾ ಶಾ ಮುಸುಕು ಹಾಕುವುದನ್ನೇ ನಿಷೇಧಿಸಿದ. 1979ರ ಕ್ರಾಂತಿಯ ನಂತರ ಬಂದ ಸರ್ಕಾರ ಅದನ್ನು ಕಡ್ಡಾಯ ಮಾಡಿತು. ಎರಡೂ ಸಲ ಅವಳನ್ನು ಕೇಳಿದವರಿಲ್ಲ. ಉತ್ತರ ಕೊಡುವ ಚಿತ್ರಗಳು ಹೆಚ್ಚಾಗಿ ಇರಾನಿ ಕಲಾವಿದೆಯರಿಂದ ಬಂದದ್ದು ಆಶ್ಚರ್ಯವಲ್ಲ.

ಕ್ರಾಂತಿಗೆ ಮೊದಲೇ ಅಮೆರಿಕಕ್ಕೆ ಓದಲು ಹೋಗಿದ್ದ ಶಿರಿನ್ ನೆಶಾತ್ 1990ರಲ್ಲಿ ಊರಿಗೆ ಬಂದಾಗ ಗುರುತೇ ಸಿಗದ ದೇಶ ಕಂಡರು. 1993ರಿಂದ 1997ರವರೆಗೆ ಅವರು ಮಾಡಿದ ‘ಅಲ್ಲಾಹುವಿನ ಹೆಣ್ಣುಗಳು’ ಸರಣಿಯ ಕಪ್ಪು-ಬಿಳುಪು ಚಿತ್ರಗಳಲ್ಲಿ ಚಾದರ ಹೊದ್ದ ಹೆಣ್ಣು, ಬಂದೂಕು, ಮುಖದ ಮೇಲೆ ಫಾರ್ಸಿ ಬರಹ. ಫಾರ್ಸಿ ಬಾರದ ಎಷ್ಟೋ ನೋಡುಗರು ಅದು ಕುರಾನ್ ಎಂದುಕೊಂಡರು. ಅಲ್ಲಿದ್ದದ್ದು ಫರೂಗ್ ಫರ‍್ರುಖ್‌ಜಾದ್‌ರಂಥ ಇರಾನಿ ಕವಯಿತ್ರಿಯರ ಸಾಲುಗಳು.

ಟೆಹರಾನಿನಲ್ಲೇ ಹುಟ್ಟಿ ಬೆಳೆದ ಶಾದಿ ಗದೀರಿಯನ್ ನಗಿಸುತ್ತಲೇ ಚುಚ್ಚಿದವರು. 19ನೇ ಶತಮಾನದ ಕಜಾರ್ ದೊರೆ ನಾಸಿರುದ್ದೀನ್ ಶಾಗೆ ಫೋಟೋ ಹುಚ್ಚು. ತನ್ನ ಅಂತಃಪುರದ ಹೆಂಡಿರ ಚಿತ್ರ ತಾನೇ ತೆಗೆಯುತ್ತಿದ್ದ. 1998ರ ‘ಕಜಾರ್’ ಸರಣಿಯಲ್ಲಿ ಗದೀರಿಯನ್ ಆ ಕಾಲದ ಬಟ್ಟೆ, ಬಣ್ಣ ಬಳಿದ ಪರದೆ ಎಲ್ಲ ಹೊಂದಿಸಿ, ಗೆಳತಿಯರ, ನೆಂಟರ ಕೈಗೆ ಪೆಪ್ಸಿ ಡಬ್ಬ, ಟೇಪ್ ರೆಕಾರ್ಡರ್, ಸೈಕಲ್ ಕೊಟ್ಟು ನಿಲ್ಲಿಸಿದರು. ಮದುವೆಯಾದ ಮೇಲೆ ಮಾಡಿದ ‘ದಿನದಂತೆಯೇ’ ಸರಣಿ ಇನ್ನೂ ಸರಳ. ಹೂವಿನ ಚಾದರ ಹೊದ್ದ ಆಕೃತಿಗಳಲ್ಲಿ ಮುಖದ ಜಾಗದಲ್ಲಿ ಇಸ್ತ್ರಿ ಪೆಟ್ಟಿಗೆ, ಪೊರಕೆ, ರಬ್ಬರ್ ಗ್ಲೌಸು. ಇದನ್ನು ನೋಡಿ ‘ಪಾಪ, ಮುಸ್ಲಿಂ ಹೆಂಗಸು’ ಎನ್ನುವವರು ಒಮ್ಮೆ ತಮ್ಮ ಅಡುಗೆಮನೆ ಕಡೆ ತಿರುಗಿ ನೋಡುವುದು ಒಳ್ಳೆಯದು.

ಮೊರಾಕ್ಕೊದ ಲಲ್ಲಾ ಎಸ್ಸಾಯ್ದಿ ಮದರಂಗಿ ಹಿಡಿದರು. ತಪ್ಪು ಮಾಡಿದ ಹೆಣ್ಣುಮಕ್ಕಳನ್ನು ಅವರ ಮನೆತನದವರು ಕಳಿಸುತ್ತಿದ್ದ ಒಂದು ಖಾಲಿ ಮನೆಯಲ್ಲೇ ಹೆಂಗಸರ ಮೈ, ಬಟ್ಟೆ, ಗೋಡೆಯ ತುಂಬ ಅಕ್ಷರ ಬರೆದು ಫೋಟೋ ತೆಗೆದರು. ಅಂದದ ಬರವಣಿಗೆ ಗಂಡಸರದು, ಮದರಂಗಿ ಹೆಂಗಸರದು ಎಂಬ ವಾಡಿಕೆಯನ್ನೇ ಅವರು ಮುರಿದಿದ್ದರು.

ಕೊನೆಯದು ಯೆಮನ್‌ನ ಬುಶ್ರಾ ಅಲ್ಮುತವಕ್ಕಿಲ್ ಅವರ 2010ರ ‘ತಾಯಿ, ಮಗಳು, ಗೊಂಬೆ’. ಒಂಬತ್ತು ಚಿತ್ರಗಳು. ತಾಯಿ ಸ್ವತಃ ಅವರೇ, ಮಡಿಲಲ್ಲಿ ಅವರ ಮಗಳು, ಮಗಳ ಕೈಯಲ್ಲಿ ಗೊಂಬೆ. ಮೊದಲ ಚಿತ್ರದಲ್ಲಿ ಬಣ್ಣ, ನಗು. ಚಿತ್ರದಿಂದ ಚಿತ್ರಕ್ಕೆ ಬಟ್ಟೆ ಕಪ್ಪಾಗುತ್ತ, ನಗು ಮಾಯವಾಗುತ್ತ, ಕೊನೆಯದರಲ್ಲಿ ಮೂವರೂ ಇಲ್ಲ. ಉಳಿದದ್ದು ಕಪ್ಪು ಮಾತ್ರ. ಈ ಚಿತ್ರಗಳು ಅಂತರ್ಜಾಲದಲ್ಲಿ ಹರಿದಾಡಿದ್ದು ಮಾತ್ರ ಇಸ್ಲಾಂ ವಿರೋಧಿ ಪೋಸ್ಟರ್‌ನಂತೆ. ತಾನು ಹಿಜಾಬಿನ ವಿರೋಧಿಯಲ್ಲ, ಪುಟ್ಟ ಹುಡುಗಿಯರನ್ನೂ ಮುಚ್ಚುವ ಅತಿಯನ್ನು ಪ್ರಶ್ನಿಸಿದ್ದು ಎಂದು ಅವರೇ ಹೇಳಬೇಕಾಯಿತು. ಕ್ಯಾಮೆರಾ ಅವಳ ಕೈಗೆ ಬಂದ ಮೇಲೂ ಚಿತ್ರದ ಅಡಿಬರಹ ಬೇರೆಯವರ ಕೈಯಲ್ಲೇ ಇತ್ತು.

2013ರಲ್ಲಿ ಬಾಸ್ಟನ್ನಿನ ಕಲಾ ಸಂಗ್ರಹಾಲಯ ಈ ನಾಲ್ವರೂ ಸೇರಿ ಇರಾನ್ ಮತ್ತು ಅರಬ್ ನಾಡುಗಳ 12 ಕಲಾವಿದೆಯರ ಪ್ರದರ್ಶನ ಮಾಡಿತು. ಅದರ ಹೆಸರಿನ ಅರ್ಥ: ಕಥೆ ಹೇಳುವವಳು.

ನಾವು ಸುದ್ದಿಗಾರರು, ಕಲಾವಿದರಲ್ಲ, ನಿಜ. ಆದರೆ ಅಡಿಬರಹ ಬರೆಯುವವರು ನಾವೇ. ಹೋದ ವರ್ಷ ಬೀಡಿ ಕಟ್ಟುವ ಒಬ್ಬ ಅಮ್ಮನ ಫೋಟೋ ತೆಗೆದು ಸ್ಕ್ರೀನ್ ತೋರಿಸಿದೆ. ‘ಇದ್ರಲ್ಲಿ ಅತ್ತ ಹಾಗಿದೀನಿ, ಇನ್ನೊಂದು ತೆಗಿ ಮಗಾ’ ಎಂದರು. ಇನ್ನೊಂದು ತೆಗೆದೆ. ಹೆಸರು ಕೇಳಿ ಬರೆದುಕೊಂಡೆ. ಕಾಲೇಜು ಗೇಟಿನ ಆ ಸಂಗ್ರಹ ಚಿತ್ರವನ್ನು ತೆಗೆದುಹಾಕಿ ಎಂದು ಡೆಸ್ಕಿಗೂ ಬರೆದಿದ್ದೇನೆ. ಉತ್ತರ ಇನ್ನೂ ಬಂದಿಲ್ಲ.