ನವಕೋಟಿ ನಾರಾಯಣನ ಸಂತೆ

ವರಮಹಾಲಕ್ಷ್ಮೀ ವ್ರತದ ದಿನ ನಮ್ಮ ಯಲಹಂಕದ ಯಾವ ಬೀದಿಯಲ್ಲಿ ನಡೆದರೂ ಕಿವಿಗೆ ಬೀಳುವ ಹಾಡು ‘ಭಾಗ್ಯದ ಲಕ್ಷ್ಮೀ ಬಾರಮ್ಮ’. ಸಿರಿಯ ದೇವತೆಯನ್ನು ಮನೆಗೆ ಕರೆಯುವ ಈ ಪದವನ್ನು ರಚಿಸಿದವರು ತಮ್ಮ ಸಿರಿಯನ್ನೆಲ್ಲ ತ್ಯಜಿಸಿದ ಪುರಂದರದಾಸರು ಎಂಬುದನ್ನು ಆ ಗಳಿಗೆಯಲ್ಲಿ ಎಷ್ಟು ಮಂದಿ ನೆನೆಯುತ್ತೇವೆ?

ದಾಸರ ಕಾಲ 1484ರಿಂದ 1564 ಎಂಬುದು ಸಂಪ್ರದಾಯದ ಎಣಿಕೆ. ದಾಸದೀಕ್ಷೆಗೆ ಮುನ್ನ ಅವರು ಶ್ರೀನಿವಾಸ ನಾಯಕರೆಂಬ ರತ್ನವ್ಯಾಪಾರಿ. ಜನ ಅವರನ್ನು ‘ನವಕೋಟಿ ನಾರಾಯಣ’ ಎಂದು ಕರೆಯುತ್ತಿದ್ದರಂತೆ. ಬಡವನೊಬ್ಬನಿಗೆ ಪತ್ನಿ ಕೊಟ್ಟ ಮೂಗುತಿಯು ತಮ್ಮ ಅಂಗಡಿಗೇ ಬಂದ ಪ್ರಸಂಗದಿಂದ ಕಣ್ತೆರೆದು, ಎಲ್ಲವನ್ನೂ ದಾನ ಮಾಡಿ, ವಿಜಯನಗರದಲ್ಲಿ ವ್ಯಾಸರಾಯರ ಶಿಷ್ಯರಾದರೆಂಬುದು ಪ್ರಸಿದ್ಧ ಐತಿಹ್ಯ. ಅದರ ವಿವರಗಳು ಐತಿಹ್ಯವೇ ಆಗಿರಲಿ, ದಾಸರ ಪದಗಳಲ್ಲಿ ವರ್ತಕನ ನುಡಿಗಟ್ಟು ಉಳಿದಿರುವುದಂತೂ ಪ್ರತ್ಯಕ್ಷ. ‘ಕಲ್ಲುಸಕ್ಕರೆ ಕೊಳ್ಳಿರೋ’ ಎಂಬ ಪದದಲ್ಲಿ ಅವರು ಸಂತೆಯ ವ್ಯಾಪಾರಿಯಂತೆಯೇ ಕೂಗುತ್ತಾರೆ. ಆದರೆ ಅವರ ಸರಕನ್ನು ಎತ್ತಿನ ಮೇಲೆ ಹೇರಬೇಕಾಗಿಲ್ಲ, ಗೋಣಿಯಲ್ಲಿ ತುಂಬಬೇಕಾಗಿಲ್ಲ, ಅದಕ್ಕೆ ಬಾಡಿಗೆಯೂ ಇಲ್ಲ, ಸುಂಕವೂ ಇಲ್ಲ. ಆ ಸರಕು ಹರಿನಾಮ. ಸಂತೆಯ ಮಾತಿನಿಂದಲೇ ಸಂತೆಯ ಲೆಕ್ಕವನ್ನು ಬುಡಮೇಲು ಮಾಡಿದ ಜಾಣ್ಮೆ ಇದು.

ಇದೇ ಉಪಾಯವನ್ನು ನಾಲ್ಕು ಶತಮಾನಗಳ ಬಳಿಕ ದೂರದ ಇಂಗ್ಲೆಂಡಿನಲ್ಲಿಯೂ ಕಾಣುತ್ತೇವೆ. ಉಕ್ಕಿನ ನಗರವಾದ ಷೆಫೀಲ್ಡಿನಲ್ಲಿ ಹುಟ್ಟಿದ ‘ಹೆವನ್ 17’ ಎಂಬ ತಂಡವು 1981ರಲ್ಲಿ ಸಿಂಥಸೈಜರ್ ಪ್ರಧಾನವಾದ ‘ಪೆಂಟ್‌ಹೌಸ್ ಅಂಡ್ ಪೇವ್‌ಮೆಂಟ್’ ಎಂಬ ಆಲ್ಬಮನ್ನು ಹೊರತಂದಿತು. ಮುಗಿಲೆತ್ತರದ ಕಟ್ಟಡದ ತುದಿಯ ವೈಭವದ ಮನೆ ಹಾಗೂ ಬೀದಿಯ ಫುಟ್‌ಪಾತ್ ಎಂದು ಅದರ ಅರ್ಥ. ಮುದ್ರಿಕೆಯ ಎರಡು ಮಗ್ಗುಲಿಗೂ ಇವೇ ಹೆಸರುಗಳು. ಮಾರ್ಗರೆಟ್ ಥ್ಯಾಚರ್ ಪ್ರಧಾನಿಯಾಗಿದ್ದ ದಿನಗಳವು. 1982ರ ಜನವರಿಯಲ್ಲಿ ಬ್ರಿಟನ್ನಿನ ನಿರುದ್ಯೋಗಿಗಳ ಸಂಖ್ಯೆ 30 ಲಕ್ಷವನ್ನು ದಾಟಿತು. ಹೊದಿಕೆಯ ಚಿತ್ರದಲ್ಲಿ ಹಾಡುಗಾರರು ಸೂಟು ತೊಟ್ಟು, ಕೈಕುಲುಕುತ್ತ, ಫೋನಿನಲ್ಲಿ ಮಾತನಾಡುತ್ತ ದೊಡ್ಡ ಕಂಪನಿಯ ಅಧಿಕಾರಿಗಳಂತೆ ನಿಂತಿದ್ದಾರೆ. ಅದು ಅಣಕ. ಆದರೆ ಅಣಕವು ಸೊಗಸಾಗಿದ್ದಷ್ಟೂ ಹೊಗಳಿಕೆಯೆಂದು ತೋರುವ ಅಪಾಯವುಂಟು.

ದಾಸರ ಲಕ್ಷ್ಮೀಪದಕ್ಕೂ ಇದೇ ಗತಿಯಾಗಿದೆ ಎಂದು ನನ್ನ ಭಾವನೆ. ಅಲ್ಲಿನ ಚಿನ್ನದ ಮಳೆಯಷ್ಟೇ ನಮಗೆ ಕೇಳಿಸುತ್ತದೆ. ಲಕ್ಷ್ಮಿಯು ಮಜ್ಜಿಗೆಯಲ್ಲಿ ಬೆಣ್ಣೆ ಮೂಡುವಂತೆ ಬರಲಿ ಎಂದು ದಾಸರು ಬೇಡಿದ್ದು ಕೇಳಿಸುವುದಿಲ್ಲ. ಕಡೆಯದೆ ಬೆಣ್ಣೆ ಬಂದೀತೆ? ಅದು ದುಡಿದ ಕೈಗೆ, ಮೆಲ್ಲಗೆ, ತಕ್ಕಷ್ಟು ಬರುವ ಭಾಗ್ಯ.

2008ರ ಮೇ ತಿಂಗಳಲ್ಲಿ ದೇವನಹಳ್ಳಿಯ ವಿಮಾನ ನಿಲ್ದಾಣ ಆರಂಭವಾದ ಆಸುಪಾಸಿನ ವರ್ಷಗಳಲ್ಲಿ ನಮ್ಮ ಕಡೆಯ ರಾಗಿಹೊಲಗಳು ಸೈಟುಗಳಾದವು. ಕಡೆಯದೆಯೇ ಬೆಣ್ಣೆ ಬಂದಿತು. ಒಕ್ಕಲುತನದ ಹಲವು ಮನೆಗಳು ನೆಮ್ಮದಿ ಕಂಡದ್ದು ಸಂತೋಷದ ಸಂಗತಿಯೇ. ಆದರೆ ಪಾಲಿನ ಹಣಕ್ಕಾಗಿ ಕೋರ್ಟಿನ ಮೆಟ್ಟಿಲು ಹತ್ತಿ, ಮಾತು ಬಿಟ್ಟ ಅಣ್ಣತಮ್ಮಂದಿರನ್ನೂ ನಾನು ಬಲ್ಲೆ. ಅವರಲ್ಲಿ ಕೆಲವರು ಒಂದೇ ಬೆಂಚಿನಲ್ಲಿ ಕುಳಿತು ನನ್ನ ಪಾಠ ಕೇಳಿದವರು. ಹಬ್ಬದ ದಿನ ಇಬ್ಬರ ಮನೆಯಲ್ಲೂ ಅದೇ ಹಾಡು ಮೊಳಗುತ್ತದೆ.

ಬರುವ ಶ್ರಾವಣದಲ್ಲಿ ಲಕ್ಷ್ಮಿಯನ್ನು ಕರೆದಾದ ಮೇಲೆ ‘ಕಲ್ಲುಸಕ್ಕರೆ’ಯ ಪದವನ್ನೂ ಒಮ್ಮೆ ಕೇಳಿರಿ, ಮಾತು ಬಿಟ್ಟ ಮನೆಗೂ ಅರಿಶಿನ ಕುಂಕುಮಕ್ಕೆ ಹೇಳಿ ಕಳುಹಿಸಿರಿ.