ನೋಟು–ನಾಣ್ಯಗಳ ಮಿಶ್ರ ಲೆಕ್ಕ

ಬೇರೆ ಬೇರೆ ಮುಖಬೆಲೆಯ ಹಣದ ಒಟ್ಟು ಸಂಖ್ಯೆ ಮತ್ತು ಒಟ್ಟು ಮೊತ್ತ ತಿಳಿದಾಗ, ಪ್ರತಿಯೊಂದೂ ಎಷ್ಟಿದೆ ಎಂದು ಕಂಡುಹಿಡಿಯುವ ಅಂಕಗಣಿತದ ಲೆಕ್ಕ. ಮುಂಬಯಿಯ ಕನ್ನಡಿಗರಿಗೆ ಇದು ಬದುಕಿನ ಲೆಕ್ಕವೂ ಹೌದು: ಹಗಲು ಹೋಟೆಲಿನಲ್ಲಿ ದುಡಿದು ರಾತ್ರಿ ಶಾಲೆಯಲ್ಲಿ ಓದಿದ ಕರಾವಳಿಯ ಹುಡುಗರು ಗಲ್ಲಾಪೆಟ್ಟಿಗೆಯನ್ನೂ ಪಾಠವನ್ನೂ ಒಟ್ಟಿಗೆ ಕಂಡವರು.

ಮುಂಬಯಿಯ ಮಾಟುಂಗಾದ ಒಂದು ಉಡುಪಿ ಹೋಟೆಲಿನ ಗಲ್ಲಾದಲ್ಲಿ 10 ಮತ್ತು 20 ರೂಪಾಯಿಯ 50 ನೋಟುಗಳಿದ್ದು, ಮೊತ್ತ 700 ರೂಪಾಯಿ ಎನ್ನೋಣ. ಎಲ್ಲವೂ ಹತ್ತರ ನೋಟೆಂದು ಭಾವಿಸಿದರೆ 500 ಆಗುತ್ತದೆ. ಉಳಿದ 200 ಬಂದದ್ದು ಇಪ್ಪತ್ತರ ನೋಟುಗಳಿಂದ. ಪ್ರತಿ ನೋಟಿಗೆ 10 ಹೆಚ್ಚು. ಆದ್ದರಿಂದ ಇಪ್ಪತ್ತರವು 20, ಹತ್ತರವು 30. ಬೀಜಗಣಿತದ ಎರಡು ಸಮೀಕರಣಗಳೂ ಇದೇ ಉತ್ತರ ಕೊಡುತ್ತವೆ. ಆದರೆ ಮಕ್ಕಳಿಗೆ ಮೊದಲು ಕಲಿಸಬೇಕಾದದ್ದು ಈ ಊಹೆಯ ದಾರಿಯನ್ನೇ, ಏಕೆಂದರೆ ಇಲ್ಲಿ ಪ್ರತಿ ಹೆಜ್ಜೆಗೂ ಅರ್ಥವಿದೆ.

ಹಿಂದಿನ ಕಾಲದ ಲೆಕ್ಕ ಇನ್ನೂ ತೊಡಕಿನದು. ರೂಪಾಯಿಗೆ 16 ಆಣೆ, ಆಣೆಗೆ 12 ಪೈ. ಮೊತ್ತವನ್ನೆಲ್ಲ ಪೈಗೆ ಇಳಿಸಿಯೇ ಬಿಡಿಸಬೇಕಿತ್ತು. 1957ರ ಏಪ್ರಿಲ್ 1ರಂದು ದಶಮಾಂಶ ಪದ್ಧತಿ ಬಂದು ರೂಪಾಯಿ 100 ನಯಾ ಪೈಸೆಯಾಯಿತು. 25 ಪೈಸೆ ಮತ್ತು ಅದಕ್ಕಿಂತ ಚಿಕ್ಕ ನಾಣ್ಯಗಳ ಚಲಾವಣೆ 2011ರ ಜೂನ್ 30ಕ್ಕೆ ಕೊನೆಗೊಂಡಿತು.